ಸುಬ್ಬರಾಯಪ್ಪನ ತೋಟದ ಅಂಗಮಾರಿ

ಎಲೆಯನ್ನು ತಿರುವಿ ನೋಡಿದ್ದೇ ತಪ್ಪಾಯಿತು. ಬೇವಿನಕಡ್ಡಿ ಕಚ್ಚಿಕೊಂಡು ಹಿತ್ತಲ ತೋಟಕ್ಕೆ ಹೋದ ಚನ್ನರಾಯಪ್ಪ, ಎಲ್ಲರ ಹಾಗೆ ಗಿಡದ ಮೇಲೆ ಒಂದು ಸಲ ಕಣ್ಣಾಡಿಸಿ, ಬಾಯಿ ಮುಕ್ಕಳಿಸಿ ಒಳಗೆ ಬಂದಿದ್ದರೆ ಅವನ ಪಾಡಿಗೆ ಅವನು ಇರಬಹುದಿತ್ತು. ಹಾಗೆ ಮಾಡಲಿಲ್ಲ. ಬಗ್ಗಿದ. ಆಲೂಗಡ್ಡೆ ಗಿಡದ ಒಂದು ಎಲೆ ಹಿಡಿದು ತಿರುವಿದ. ಚಿಂತಮಾನುಪಲ್ಲಿಯ ಚರಿತ್ರೆಯಲ್ಲಿ ಅಲ್ಲಿಯತನಕ ಯಾರೂ ಎಲೆಯ ಹಿಂಭಾಗ ನೋಡಿದವರಿರಲಿಲ್ಲ.

ಎಲೆಯ ತುದಿ ಬಿಸಿನೀರು ಬಿದ್ದು ಬೆಂದಂತೆ ಕಪ್ಪಿಟ್ಟಿತ್ತು. ಹಿಂಭಾಗದಲ್ಲಿ, ಆ ಕಪ್ಪಿನ ಅಂಚಿಗೆ, ಹಳಸಿದ ಮುದ್ದೆಯ ಮೇಲೆ ಬರುವಂಥ ಬೆಳ್ಳಗಿನ ಬೂಷ್ಟು. ಪಕ್ಕದ ಗಿಡದಲ್ಲೂ ಅದೇ. ಟಮೋಟ ಸಾಲಿಗೆ ಓಡಿದ. ಅಲ್ಲಿ ಎರಡು ಗಿಡದ ಎಲೆ ಮುದುಡಿ, ಕಾಯಿಯ ಹೆಗಲ ಮೇಲೆ ಕಂದು ಕಲೆ ಗಟ್ಟಿಯಾಗಿ ಕೂತಿತ್ತು.

ಬೇರೆಯವರಾಗಿದ್ದರೆ ಮಂಜು ಬಿದ್ದಿದೆ ಅಂದುಕೊಂಡು ಬಿಡುತ್ತಿದ್ದರು. ಚನ್ನರಾಯಪ್ಪ ರಾಯಲ್ಪಾಡಿನ ಸೊಸೈಟಿಯಲ್ಲಿ ಗುಮಾಸ್ತ. ಅವನ ಮೇಜಿನ ಎದುರು ಗೋಡೆಗೆ ಸರ್ಕಾರದವರು ಬೆಳೆರೋಗಗಳ ಬಣ್ಣದ ಚಿತ್ರಪಟವೊಂದನ್ನು ಅಂಟಿಸಿ ಹೋಗಿದ್ದರು. ಗೊಬ್ಬರವೂ ಬಾರದೆ ಗಿರಾಕಿಯೂ ಬಾರದ ಮಧ್ಯಾಹ್ನಗಳಲ್ಲಿ ಅದನ್ನೇ ನೋಡಿ ನೋಡಿ ಅವನಿಗೆ ಬಾಯಿಪಾಠವಾಗಿತ್ತು. ಅದರಲ್ಲಿ ಎರಡು ಎಲೆಗಳಿದ್ದವು. ಒಂದರಲ್ಲಿ ಬಳೆಯೊಳಗೆ ಬಳೆ ಇಟ್ಟಂತೆ ಉಂಗುರ ಉಂಗುರದ ಚುಕ್ಕೆ. ಅದು ಬುಡದ ಹಳೇ ಎಲೆಗೆ ಮೊದಲು ಬರುವ ನಿಧಾನದ ರೋಗ. ಆ ಎಲೆ ಕಿತ್ತುಹಾಕಿ ಔಷಧಿ ಹೊಡೆದರೆ ಹೇಗೋ ಬದುಕಿಕೊಳ್ಳಬಹುದು. ಇನ್ನೊಂದು, ಇದು. ಮೋಡ, ತಂಡಿ, ಸೋನೆ ಮೂರೂ ಕೂಡಿದಾಗ ಬರುವ ಅಂಗಮಾರಿ. ಇವತ್ತು ಒಂದು ಸಾಲು, ವಾರ ಕಳೆಯುವುದರೊಳಗೆ ಇಡೀ ತೋಟ. ಆ ಕಾರ್ತಿಕದಲ್ಲಿ ಮದರಾಸಿನ ಕಡೆ ಸಮುದ್ರದಲ್ಲಿ ಗಾಳಿ ಎದ್ದಿತ್ತು. ಚಿಂತಮಾನುಪಲ್ಲಿಯವರು ಸೂರ್ಯನ ಮುಖ ಕಂಡು ಬಹಳ ದಿನವಾಗಿತ್ತು.

ಚನ್ನರಾಯಪ್ಪ ಒಳಗೆ ಬಂದ. ಹೆಂಡತಿ ಒಲೆಯ ಮುಂದೆ ಕೂತಿದ್ದಳು.

"ಶಾಮಲಾ, ನಿಮ್ಮಪ್ಪ ಯಾವ ಬಸ್ಸಿಗೆ ಬರ್ತಾರೆ?"

"ಸಾಯಂಕಾಲದ್ದಕ್ಕೆ. ಯಾಕ್ರೀ, ಮುಖ ಹಂಗಾಗಿದೆ?"

"ಅಂಗಮಾರಿ ಬಂದಿದೆ."

"ಅಯ್ಯಯ್ಯೋ, ಯಾರಿಗೆ?"

"ಉರ್ಲಗಡ್ಡೆಗೆ."

ಶಾಮಲಮ್ಮ ಊದುಕೊಳವೆಯನ್ನು ಕೆಳಗಿಟ್ಟಳು. ಯಾರಾದರೂ ಮನುಷ್ಯರಿಗೆ ಬಂದಿದ್ದರೂ ಅವಳು ಅಷ್ಟು ಹೆದರುತ್ತಿರಲಿಲ್ಲ.

ಅದಕ್ಕೆ ಕಾರಣವಿತ್ತು. ಶಾಮಲಮ್ಮ ಸುಬ್ಬರಾಯಪ್ಪನಿಗೆ ಒಬ್ಬಳೇ ಮಗಳು. ಹಾಗಾಗಿ ಚನ್ನರಾಯಪ್ಪ ಹತ್ತು ವರ್ಷದ ಹಿಂದೆ ಪಕ್ಕದ ಕೊತ್ತೂರಿನಿಂದ ಮನೆ ಅಳಿಯನಾಗಿ ಬಂದ. ಬಂದವನನ್ನು ಮಾವ ಈವರೆಗೆ ಒಂದು ದಿನವಾದರೂ ಅಳಿಯ ಅಂದಿರಲಿಲ್ಲ. "ಶಾಮಲನ ಗಂಡ ಉಂಡನಾ?" "ಶಾಮಲನ ಗಂಡನಿಗೆ ಹೇಳು, ದನ ಬಿಚ್ಚಲಿ." ಎದುರಿಗೆ ನಿಂತಿದ್ದರೂ ಅಷ್ಟೇ: "ಏನಪ್ಪಾ ಶಾಮಲನ ಗಂಡ, ಇವತ್ತು ಸೊಸೈಟಿ ಬಾಗಿಲು ತೆಗೆಯೋದಿಲ್ವಾ?" ಕೈಗೆ ಮಣ್ಣು ಅಂಟದವನು ಮನುಷ್ಯನಲ್ಲ ಎಂಬುದು ಸುಬ್ಬರಾಯಪ್ಪನ ಮತ. ಮಾವ ಹೇಗೋ ಊರೂ ಹಾಗೇ. ಸಂಬಳ ತರುವ, ಓದು ಬಲ್ಲ, ಯಾರಿಗೂ ಕೆಡುಕು ಬಯಸದ ಗಂಡಸನ್ನು ಇಡೀ ಊರು ಶಾಮಲನ ಗಂಡ ಎಂದೇ ಕರೆಯುತ್ತಿತ್ತು. ಕೇಳುವವರಿಗೆ ಇದು ಸಣ್ಣ ಮಾತು. ದಿನಾ ಕೇಳಿಸಿಕೊಳ್ಳುವವನಿಗೆ ಅಲ್ಲ.

ಹೆಂಡತಿಯೊಡನೆ ತಿರುಪತಿಗೆ ಹೊರಟ ದಿನ ಸುಬ್ಬರಾಯಪ್ಪ ಬಸ್ಸಿನ ಮೆಟ್ಟಿಲ ಮೇಲೆ ನಿಂತು, ಊರವರ ಎದುರಿಗೇ ಹೇಳಿದ್ದ: "ನೀರು ಕಟ್ಟು. ಕಾಯ್ಕೊ. ನಾನು ಬರೋ ಹೊತ್ತಿಗೆ ತೋಟ ಹಿಂಗೇ ಇದ್ರೆ ನೀನೂ ಒಬ್ಬ ಮನುಷ್ಯ ಅಂತ ಒಪ್ಕೋತೀನಿ."

ಊರವರು ನಕ್ಕರು. ಚನ್ನರಾಯಪ್ಪ ನಗಲಿಲ್ಲ. ಅವನಿಗೆ ಆ ಮಾತು ಬೇಕಾಗಿತ್ತು. ಹೊಲ ಬೇಡ, ಮನೆ ಬೇಡ, ಆ ಒಂದು ಮಾತು ಬೇಕಾಗಿತ್ತು. ಅವನಿಗಿಂತ ಹೆಚ್ಚಾಗಿ ಶಾಮಲಮ್ಮನಿಗೆ ಬೇಕಾಗಿತ್ತು.

"ಇನ್ನೂ ಹೊತ್ತು ಮೀರಿಲ್ಲ," ಅಂದ ಚನ್ನರಾಯಪ್ಪ. "ಬಂದಿರೋ ಗಿಡ ಕಿತ್ತು ದೂರ ಹೂಳ್ಬೇಕು. ಮಿಕ್ಕಿದ್ದಕ್ಕೆ ಮೈಲುತುತ್ತ, ಸುಣ್ಣ ಬೆರೆಸಿ ಹೊಡೀಬೇಕು. ಯಾರಿಗೂ ಹೇಳ್ಬೇಡ."

"ಯಾರಿಗೆ ಹೇಳ್ಬೇಡ ಅಂತೀಯಪ್ಪ?" ಎಂಬ ದನಿ ಗೋಡೆಯಾಚೆಯಿಂದ ಬಂತು. ಪಕ್ಕದ ಮನೆಯ ಮುದುಕಿ ಕದಿರಮ್ಮ ಬೆರಣಿ ತಟ್ಟುವುದನ್ನು ನಿಲ್ಲಿಸಿ ಕಿವಿ ಕೊಟ್ಟಿದ್ದಳು.

ಅಲ್ಲಿಗೆ ಮುಗಿಯಿತು. ನಮ್ಮ ಕಡೆ ಒಂದು ಮನೆಯಲ್ಲಿ ಕಾಯಿಲೆ ಅಂದರೆ ನೋಡಿಕೊಂಡು ಬರಬೇಕು. ಹೋಗದಿದ್ದರೆ ಆಮೇಲೆ ಅವರು ನಮ್ಮ ಕಾಯಿಲೆಗೆ ಬರುವುದಿಲ್ಲ. ಮನುಷ್ಯರೋ ದನವೋ ಆಲೂಗಡ್ಡೆಯೋ ಎಂದು ವಿಚಾರಿಸುವುದು ಮರ್ಯಾದೆಯಲ್ಲ. ಕದಿರಮ್ಮ ಮೊದಲು ಬಂದಳು. ಗಿಡದ ಮುಂದೆ ಕೂತು, ಸೆರಗಿನಿಂದ ಕಣ್ಣೊರೆಸಿಕೊಂಡು, "ಮೊನ್ನೆ ಎಷ್ಟು ಲಕ್ಷಣವಾಗಿ ಇದ್ವು ನಾಯನಾ," ಎಂದಳು. ಅವಳ ಹಿಂದೆ ಬೀದಿಯೇ ಬಂತು. ಬಂದವರೆಲ್ಲ ಎಲೆಯನ್ನು ಹಿಡಿದು, ಜ್ವರ ನೋಡುವಂತೆ ಬೆರಳಲ್ಲಿ ಒತ್ತಿ, ತಲೆಯಾಡಿಸಿದರು.

"ಮುಟ್ಟಬೇಡಿ, ಕೈಗೆ ಅಂಟ್ಕೊಂಡು ಹೋಗುತ್ತೆ," ಎಂದು ಚನ್ನರಾಯಪ್ಪ ಗೋಗರೆದ.

"ನೋಡೋಕೆ ಬಂದೋರಿಗೆ ಮುಟ್ಟಬೇಡ ಅಂತಾರಾ?" ಎಂದು ಅವರು ಬೇಜಾರು ಮಾಡಿಕೊಂಡು, ಇನ್ನೊಂದು ಸಲ ಮುಟ್ಟಿದರು.

ಒಬ್ಬರು ಒಲೆಬೂದಿ ಹಾಕು ಅಂದರು. ಒಬ್ಬರು ಹುಳಿಮಜ್ಜಿಗೆ. ಕದಿರಮ್ಮ, ದೃಷ್ಟಿಯಾಗಿದೆ, ಹಳೇ ಚಪ್ಪಲಿ ಕಟ್ಟು ಅಂದಳು. ಕೊನೆಗೆ ಆವಲಪ್ಪ ಬಂದ. ಆವಲಪ್ಪನೆಂದರೆ ಪಂಚಾಯ್ತಿಯ ಹಳೇ ಮೆಂಬರು. ಚುನಾವಣೆಯಲ್ಲಿ ಸೋತ ಮೇಲೂ ತೀರ್ಪು ಹೇಳುವುದನ್ನು ನಿಲ್ಲಿಸಿರಲಿಲ್ಲ. ಊರಿನಲ್ಲಿ ಸುಬ್ಬರಾಯಪ್ಪನ ತೋಟ ಬಿಟ್ಟರೆ ಅವನದೇ ದೊಡ್ಡದು.

"ಏನಪ್ಪಾ ಶಾಮಲನ ಗಂಡ, ಮಾವ ಇಲ್ಲದಾಗಲೇ ಹಿಂಗೆ ಮಾಡ್ಬಿಟ್ಯಲ್ಲ," ಎಂದ.

"ನಾನು ಮಾಡಿದ್ದಲ್ಲ ಆವಲಪ್ಪಣ್ಣ, ಸೋನೆಗೆ ಬಂದಿದೆ. ನಿಮ್ಮ ತೋಟದಲ್ಲೂ ಇರಬಹುದು. ಈಗಲೇ ಹೋಗಿ ಎಲೆ ತಿರುವಿ ನೋಡಿ. ಹಿಂದೆ ಬೆಳ್ಳಗೆ ಬೂಷ್ಟು ಇದ್ರೆ..."

ಆವಲಪ್ಪನ ಮುಖ ಕಪ್ಪಾಯಿತು. "ನಮ್ಮನೇಲಿ ಯಾಕೆ ಬರುತ್ತಪ್ಪ? ನಾವೇನು ಅಂಥ ಪಾಪ ಮಾಡಿದೀವಿ? ಕಾಯಿಲೆ ನೋಡೋಕೆ ಬಂದ್ರೆ ನಿಮಗೂ ಬರ್ಲಿ ಅಂತೀಯಲ್ಲ!"

ಎಲ್ಲರೂ ನೊಂದುಕೊಂಡು ಗೋಡೆಯಾಚೆ ಸರಿದರು. ಮನೆಗೇನೂ ಹೋಗಲಿಲ್ಲ, ಮುಂದೇನಾಗುತ್ತದೋ ನೋಡಬೇಕಿತ್ತು.

ಚನ್ನರಾಯಪ್ಪ ಸೈಕಲ್ ತುಳಿದುಕೊಂಡು ಸೊಸೈಟಿಗೆ ಹೋಗಿ ಮೈಲುತುತ್ತ ತಂದ. ಔಷಧಿ ಹೊಡೆಯುವ ಪಂಪು ಮಾತ್ರ ಸಿಗಲಿಲ್ಲ. ಗೌನಿಪಲ್ಲಿಯವರು ಮಾವಿಗೆ ಹೊಡೆಯಲು ಒಯ್ದು, ವಾಷರು ನುಂಗಿ, ಬರೀ ಡಬ್ಬ ವಾಪಸ್ಸು ಕಳಿಸಿದ್ದರು. ಇರಲಿ, ಪೊರಕೆಯಿಂದ ಚಿಮುಕಿಸಿದರಾಯಿತು ಎಂದು ಪೊರಕೆ ಎತ್ತಿಕೊಂಡ.

"ಅಯ್ಯೋ ಪಾಪೀ!" ಎಂದು ಕದಿರಮ್ಮ ಗೋಡೆಯಾಚೆಯಿಂದ ಕೂಗಿದಳು. "ಫಲ ಬಿಟ್ಟಿರೋ ಗಿಡಕ್ಕೆ ಪೊರಕೇಲಿ ಹೊಡೀತೀಯಾ? ನಿಮ್ಮ ಮಾವ ಕಂಡ್ರೆ ಕೈ ಕಡೀತಾನೆ!"

ಪೊರಕೆಯನ್ನು ಬಿಟ್ಟ. ಬಾವಿಯ ಪಕ್ಕ ಬೇವಿನ ಮರವಿತ್ತು. ನಾಲ್ಕು ಕೊಂಬೆ ಮುರಿದು ಕಟ್ಟು ಕಟ್ಟಿದ.

ಮೈಲುತುತ್ತಕ್ಕೆ ಲೋಹದ ಪಾತ್ರೆ ಕೂಡದು, ತಿಂದುಹಾಕುತ್ತದೆ. ಶಾಮಲಮ್ಮ ಅಟ್ಟದಿಂದ ಹೊಸ ಮಡಕೆಗಳನ್ನು ಇಳಿಸಿ ತೊಳೆದು ಕೊಟ್ಟಳು. ಒಂದರಲ್ಲಿ ನೀಲಿ ನೀರು, ಒಂದರಲ್ಲಿ ಸುಣ್ಣ, ಎರಡನ್ನೂ ಕೂಡಿಸಲು ಮೂರನೆಯದು. ಸುಣ್ಣದ ಘಾಟು ಹೊಡೆಯಬಾರದೆಂದು ಚನ್ನರಾಯಪ್ಪ ಮೂಗು ಬಾಯಿಗೆ ಒದ್ದೆ ಟವಲು ಬಿಗಿದುಕೊಂಡ. ಅಂಗಿ ಹಾಳಾದೀತೆಂದು ತೆಗೆದಿಟ್ಟ. ಸೋನೆಯಲ್ಲಿ ಪಂಚೆ ತೊಯ್ದು ಮೈಗೆ ಅಂಟಿಕೊಂಡಿತು. ಸುಟ್ಟ ಸುಣ್ಣದ ಕಲ್ಲಿಗೆ ನೀರು ಹುಯ್ದಾಗ ಮಡಕೆ ಕೊತಕೊತ ಕುದಿದು ಹಬೆ ಎದ್ದಿತು.

ಸುಣ್ಣ ಸಾಕಾಯಿತೋ ಇಲ್ಲವೋ ನೋಡಲು ಚಿತ್ರಪಟದವರು ಒಂದು ಉಪಾಯ ಬರೆದಿದ್ದರು: ಹೊಳೆಯುವ ಕುಡುಗೋಲನ್ನು ಬೆರಕೆಯಲ್ಲಿ ಅದ್ದಿ ತೆಗೆ, ಅಲಗು ಕೆಂಪಾದರೆ ಔಷಧಿ ಖಾರವಾಗಿದೆ, ಎಲೆ ಸುಟ್ಟೀತು, ಇನ್ನಷ್ಟು ಸುಣ್ಣ ಹಾಕು. ಚನ್ನರಾಯಪ್ಪ ಕುಡುಗೋಲನ್ನು ಅದ್ದಿ, ಸ್ವಲ್ಪ ಹೊತ್ತು ಹಿಡಿದು, ಮೇಲೆತ್ತಿದ. ಅಲಗು ಕೆಂಪಾಗಿತ್ತು. ಗೋಡೆಯಾಚೆ ಯಾರೋ "ಗೋವಿಂದಾ" ಅಂದರು. ಅವನಿಗೆ ಅತ್ತ ಗಮನವಿರಲಿಲ್ಲ. ಸುಣ್ಣದ ತಿಳಿ ಸುರಿದು, ಮತ್ತೆ ಅದ್ದಿ, ಅಲಗು ಬೆಳ್ಳಗೇ ಉಳಿದ ಮೇಲೆ ಬೇವಿನ ಕಟ್ಟು ಹಿಡಿದು ಸಾಲಿಗಿಳಿದ. ಎಲೆಯ ಮೇಲೆ, ಎಲೆಯ ಕೆಳಗೆ, ಒಂದೊಂದು ಗಿಡಕ್ಕೂ ಬಗ್ಗಿ ಬಗ್ಗಿ ಚಿಮುಕಿಸಿದ. ಗಡ್ಡೆಗೆ ಬೂಷ್ಟು ಇಳಿಯದಂತೆ ಬುಡಕ್ಕೆ ಮಣ್ಣು ಏರಿಸಿದ. ಸೊಂಟ ಬಿದ್ದುಹೋಯಿತು. ಎಲೆಗಳೆಲ್ಲ ತಿಳಿನೀಲಿ ಹಚ್ಚಿಕೊಂಡು ನಿಂತವು.

ಆಮೇಲೆ ರೋಗದ ಗಿಡಗಳನ್ನು ಕಿತ್ತು ಬುಟ್ಟಿಗೆ ಹಾಕಿ, ಗಾಳಿಗೆ ಉದುರದಂತೆ ಗೋಣಿಯಿಂದ ಮುಚ್ಚಿ, ತಲೆಯ ಮೇಲೆ ಹೊತ್ತುಕೊಂಡು ಬೀದಿಗೆ ಇಳಿದ. ಊರಿನ ಮೂಡಗಡೆಯ ಗಡಿಯಲ್ಲಿ ರಸ್ತೆಗೆ ಮಣ್ಣು ತೆಗೆದ ಹಳ್ಳವೊಂದಿತ್ತು. ಹೂಳಲು ಅದಕ್ಕಿಂತ ಸುಲಭದ ಜಾಗ ಇರಲಿಲ್ಲ.

"ಎಲ್ಲಿಗೆ ಹೊರಟೆ?" ಎಂದು ಆವಲಪ್ಪ ಕೇಳಿದ. ಬಾಯಿಗೆ ಟವಲು ಬಿಗಿದಿತ್ತು, ಎರಡು ಕೈಯೂ ಬುಟ್ಟಿಯ ಮೇಲಿತ್ತು. ಚನ್ನರಾಯಪ್ಪ ಉತ್ತರ ಕೊಡದೆ ನಡೆದ. ಹಳ್ಳದ ಹತ್ತಿರ ಕೊತ್ತೂರಿನ ಕುರಿಯವನೊಬ್ಬ "ಯಾರದು?" ಅಂದ. ಅವನಿಗೂ ಉತ್ತರ ಸಿಗಲಿಲ್ಲ. ಗಿಡಗಳನ್ನು ಹೂತು, ಮೇಲೆ ಮಣ್ಣೆಳೆದು, ದಾರಿಯ ಬಾವಿಯಲ್ಲಿ ಕೈಕಾಲು ತೊಳೆದುಕೊಂಡು ಚನ್ನರಾಯಪ್ಪ ಮನೆಗೆ ಬಂದ. ಅಷ್ಟು ನೆಮ್ಮದಿ ಅವನಿಗೆ ಮದುವೆಯಾದ ಮೇಲೆ ಆಗಿರಲಿಲ್ಲ.

ಅತ್ತ ಗೋಡೆಯ ಹತ್ತಿರ ಜನ ಇನ್ನೂ ನಿಂತೇ ಇದ್ದರು. ಅವರು ಕಂಡದ್ದನ್ನು ಚಿಂತಮಾನುಪಲ್ಲಿಯಲ್ಲಿ ಯಾರಿಗೂ ವಿವರಿಸಬೇಕಾಗಿರಲಿಲ್ಲ. ಊರಿಗೆ ಸಿಡುಬು ಬಂದಾಗ, ದನಕ್ಕೆ ಕಾಲುಬಾಯಿ ಬಂದಾಗ, ಊರದೇವತೆ ಮುತ್ಯಾಲಮ್ಮನ ಹೆಸರು ಹೇಳಿ, ಹೊಸ ಮಡಕೆ, ಬೇವಿನ ಸೊಪ್ಪು, ಕುಡುಗೋಲು ಇಟ್ಟು, ಒದ್ದೆ ಬಟ್ಟೆಯಲ್ಲಿ ಒಬ್ಬ ಗಂಡಸಿನ ತಲೆಯ ಮೇಲೆ ರೋಗವನ್ನು ಬುಟ್ಟಿಯಲ್ಲಿ ಹೊರಿಸಿ ಗಡಿಯಾಚೆ ಬಿಟ್ಟುಬರುವುದು ಹಿಂದಿನಿಂದ ನಡೆದುಬಂದದ್ದು. ಇದಕ್ಕೆ ರೋಗ ಹೊರಡಿಸುವುದು ಎನ್ನುತ್ತಿದ್ದರು. ಹೊತ್ತವನು ಬಾಯಿ ಬಿಡಬಾರದು. ಆಚೆ ಊರಿನವರು ಅದನ್ನು ತಮ್ಮ ಇನ್ನೊಂದು ಗಡಿ ದಾಟಿಸುತ್ತಿದ್ದರು. ಸಿಡುಬು ದೇಶದಲ್ಲೇ ಇಲ್ಲವಾಯಿತೆಂದು ಸರ್ಕಾರದವರು ಹೇಳಿದಾಗ ಊರಿನ ಹಿರಿಯರಿಗೆ ಆಶ್ಚರ್ಯವೇನೂ ಆಗಲಿಲ್ಲ. ಹೀಗೇ ದಾಟಿಸಿಕೊಂಡು ಹೋಗಿ ಯಾರೋ ಸಮುದ್ರಕ್ಕೆ ಬಿಟ್ಟಿರಬೇಕು ಅಂದುಕೊಂಡರು.

"ಹೊರಡಿಸ್ಬಿಟ್ಟ," ಎಂದ ಆವಲಪ್ಪ.

"ಆದ್ರೂ ಬೀದಿ ಮೇಲೇ ಹೊತ್ಕೊಂಡು ಹೋದ್ನಲ್ಲ," ಎಂದಳು ಕದಿರಮ್ಮ. "ದಾರೀಲಿ ಇಳಿದು ಬಿಟ್ಟಿದ್ರೆ?"

ಈ ಮಾತು ಕಿವಿಗೆ ಬಿದ್ದದ್ದೇ ತಡ, ಎಲ್ಲರೂ ಒಬ್ಬರ ಮುಖ ಒಬ್ಬರು ನೋಡದೆ ತಮ್ಮ ತಮ್ಮ ಹಿತ್ತಲಿಗೆ ಓಡಿದರು. ಚನ್ನರಾಯಪ್ಪ ಬೆಳಿಗ್ಗೆ ಹೇಳಿದ್ದ ಗುರುತು ನೆನಪಿತ್ತು. ಜನ್ಮದಲ್ಲಿ ಮೊದಲ ಸಲ ಎಲೆ ತಿರುವಿ ನೋಡಿದರು. ಮನೆ ಮನೆಯಲ್ಲೂ ಬೆಳ್ಳಗಿನ ಬೂಷ್ಟು.

ಚನ್ನರಾಯಪ್ಪ ಊಟಕ್ಕೆ ಕೂತು ಮೊದಲ ತುತ್ತು ಮುರಿಯುವಷ್ಟರಲ್ಲಿ ಅಂಗಳ ತುಂಬಿತು.

"ಲೇ ಶಾಮಲನ ಗಂಡ, ಆಚೆ ಬಾ!"

ಬಂದ. ಆವಲಪ್ಪ ಕಪ್ಪಿಟ್ಟ ಎಲೆಯೊಂದನ್ನು ಅವನ ಮುಖಕ್ಕೆ ಹಿಡಿದ. "ಹೊರಡಿಸೋನು ನೆಟ್ಟಗೆ ಹೊರಡಿಸ್ಬೇಕು. ಬಸ್ಸಿನೋನು ಜನ ಇಳಿಸಿದ ಹಂಗೆ ಮನೆ ಮನೆಗೂ ಇಳಿಸ್ಕೊಂಡು ಹೋಗಿದೀಯಲ್ಲ, ನಿನಗೆ ಮನುಷ್ಯತ್ವ ಐತಾ?"

"ಏನು ಹೊರಡಿಸೋದು? ಅದು ಬರೀ ಔಷಧಿ ಆವಲಪ್ಪಣ್ಣ! ರೋಗ ಸೋನೆಗೆ ಎಲ್ಲ ಕಡೆ ಒಂದೇ ಸಲ ಬಂದಿದೆ. ನೀವು ಇವತ್ತು ನೋಡಿದ್ರಿ, ಅಷ್ಟೇ."

"ನಿನ್ನೆ ಇರ್ಲಿಲ್ಲ."

"ನಿನ್ನೆ ಎಲೆ ತಿರುವಿ ನೋಡಿದ್ರಾ?"

"ಯಾಕೆ ತಿರುವಬೇಕು? ನಿನ್ನೆ ರೋಗಾನೇ ಇರ್ಲಿಲ್ಲವಲ್ಲ!"

ಜನ ಹೌದು ಹೌದು ಅಂದರು. ಚಿತ್ರಪಟದಲ್ಲಿ ಈ ವಾದಕ್ಕೆ ಔಷಧಿ ಬರೆದಿರಲಿಲ್ಲ. ನಿಮ್ಮ ತೋಟಕ್ಕೂ ಇದನ್ನೇ ಹೊಡೆಯಿರಿ, ಉಳಿದುಕೊಳ್ಳುತ್ತವೆ, ಎಂದು ಚನ್ನರಾಯಪ್ಪ ಅಂಗಲಾಚಿದ. ಮೊದಲು ನೀನು ಬಿಟ್ಟದ್ದನ್ನು ನೀನು ವಾಪಸ್ಸು ತೆಗೆದುಕೋ, ಆಮೇಲೆ ಮಾತು ಅಂದರು. ಒಬ್ಬ ರಟ್ಟೆ ಹಿಡಿದ. ಶಾಮಲಮ್ಮ ಬಾಗಿಲಲ್ಲಿ ನಿಂತು ಅಳತೊಡಗಿದಳು. ಅಷ್ಟರಲ್ಲಿ ಬಸ್ಸಿನ ಹಾರನ್ ಕೇಳಿಸಿತು.

ಸುಬ್ಬರಾಯಪ್ಪ ಬೋಳಿಸಿದ ತಲೆಯ ಮೇಲೆ ಟವಲು ಹೊದ್ದು, ಕೈಯಲ್ಲಿ ಪ್ರಸಾದದ ಚೀಲ ಹಿಡಿದು ಬಂದ. ಹಿಂದೆ ಅತ್ತೆ. ಅಂಗಳದ ತನಕ ಬರುವಷ್ಟರಲ್ಲಿ ನಾಲ್ಕು ಬಾಯಲ್ಲಿ ನಾಲ್ಕು ತರ ಎಲ್ಲವನ್ನೂ ಕೇಳಿಯಾಗಿತ್ತು. ಚೀಲವನ್ನು ಮಗಳ ಕೈಗೆ ಕೊಟ್ಟು ನೇರ ಹಿತ್ತಲಿಗೆ ನಡೆದ. ಊರೂ ಹಿಂದೆ ನಡೆಯಿತು.

ಒಂದೊಂದು ಸಾಲೂ ನೋಡಿದ. ಕಿತ್ತ ಜಾಗ ನೋಡಿದ. ಏರಿಸಿದ ಮಣ್ಣನ್ನು ಕಾಲಿನಿಂದ ಒತ್ತಿ ನೋಡಿದ. ಬಗ್ಗಿ, ನೀಲಿ ಅಂಟಿದ ಒಂದು ಎಲೆಯನ್ನು ಹಿಡಿದು ತಿರುವಿದ, ಹಿಂಭಾಗ ಚೊಕ್ಕಟವಾಗಿತ್ತು. ಚನ್ನರಾಯಪ್ಪನ ಹತ್ತು ವರ್ಷದ ಮರ್ಯಾದೆ ಆ ಮುದುಕನ ಎರಡು ಬೆರಳ ನಡುವೆ ಇತ್ತು.

"ಇದನ್ನ ನೀನೊಬ್ಬನೇ ಮಾಡಿದ್ದಾ?"

"ಹೂಂ ಮಾವ."

"ಬುಟ್ಟಿ ಹೊತ್ತದ್ದು?"

"ನಾನೇ. ಆದ್ರೆ ಮಾವ, ಇವರು ಅನ್ನೋ ಹಂಗೆ ನಾನು..."

ಸುಬ್ಬರಾಯಪ್ಪ ಕೈಯೆತ್ತಿ ತಡೆದ. ಊರವರ ಕಡೆ ತಿರುಗಿದ.

"ಹೌದಪ್ಪ, ಹೊರಡಿಸಿದಾರೆ," ಎಂದ. "ನನ್ನ ತೋಟದ ರೋಗಾನ ನಮ್ಮ ಅಳಿಯಂದ್ರು ಹೊರಡಿಸಿದಾರೆ. ನಿಮ್ಮ ಮನೇಲಿ ಹೊರಡಿಸೋ ಅಳಿಯ ಇಲ್ಲದಿದ್ರೆ ಅದಕ್ಕೆ ನಾನೇನು ಮಾಡ್ಲಿ?"

ಚನ್ನರಾಯಪ್ಪನಿಗೆ ಮೊದಲು ಕಿವಿಯ ಮೇಲೆ ನಂಬಿಕೆ ಬರಲಿಲ್ಲ. ಅಳಿಯಂದ್ರು. ಅದೂ ಬಹುವಚನದಲ್ಲಿ. ಬಾಗಿಲಲ್ಲಿ ಶಾಮಲಮ್ಮ ಸೆರಗನ್ನು ಬಾಯಿಗೆ ಒತ್ತಿಕೊಂಡಿದ್ದಳು. ಈಗ ಅಳುತ್ತಿದ್ದುದು ಬೇರೆ ಅಳು. ಇದು ಸುಳ್ಳು ಮಾವ, ನಾನು ಏನನ್ನೂ ಎಲ್ಲಿಗೂ ಕಳಿಸಿಲ್ಲ, ಅನ್ನುವ ಮಾತು ಚನ್ನರಾಯಪ್ಪನ ನಾಲಗೆಯ ತುದಿಗೆ ಬಂದು ಕೂತಿತ್ತು. ಅವನು ಹೆಂಡತಿಯ ಮುಖ ನೋಡಿದ. ಮಾತನ್ನು ನುಂಗಿದ. ಅವನ ಜಾಗದಲ್ಲಿ ನಾವಿದ್ದಿದ್ದರೂ ನುಂಗುತ್ತಿದ್ದೆವು.

ಆವಲಪ್ಪನೇ ಮೊದಲು ತಗ್ಗಿದ. "ತಪ್ಪಾಯ್ತು ಸುಬ್ಬರಾಯಪ್ಪಣ್ಣ. ಊರು ಅಂದ ಮೇಲೆ ಎಲ್ಲರದೂ ಉಳೀಬೇಕಲ್ವಾ? ಅಳಿಯಂದ್ರಿಗೆ ಒಂದು ಮಾತು ಹೇಳಿ."

"ಹೇಳೋದೇನು? ನಾಳೆಯಿಂದ ಒಂದೊಂದು ಮನೆಯದೂ ಹೊರಡಿಸ್ತಾರೆ," ಎಂದ ಸುಬ್ಬರಾಯಪ್ಪ, ಎತ್ತನ್ನು ಬಾಡಿಗೆಗೆ ಕೊಡುವವನ ಹಾಗೆ ಧಾರಾಳವಾಗಿ. "ಮಡಕೆ, ಬೇವು ನಿಮ್ಮದು. ಅಳಿಯಂದ್ರು ನಮ್ಮೋರು."

ಹೋಗಲಿ, ಔಷಧಿಯಂತೂ ಬೀಳುತ್ತದೆ, ಊರಿನ ಗಿಡ ಬದುಕುತ್ತದೆ, ಹೆಸರು ಏನಾದರಿರಲಿ ಎಂದು ಚನ್ನರಾಯಪ್ಪ ಮನಸ್ಸಿಗೆ ಸಮಾಧಾನ ಹೇಳಿಕೊಂಡ. ಆ ಸಮಾಧಾನ ಒಂದು ಲೋಟ ಕಾಫಿ ಕುಡಿದು ಮುಗಿಸುವ ತನಕ ಇತ್ತು.

"ಎಲ್ಲಿ ಅವ್ನು? ಎಲ್ಲಿ ನಮ್ಮ ಚನ್ನ?"

ಬೀದಿ ಬಾಗಿಲಿನಿಂದ ನುಗ್ಗಿ ಬಂದವನು ಚನ್ನರಾಯಪ್ಪನ ಒಡಹುಟ್ಟಿದ ಅಣ್ಣ, ಕೊತ್ತೂರಿನ ದೊಡ್ಡಮುನಿಯಪ್ಪ. ಕೊತ್ತೂರು ಇರುವುದು ಆ ಮಣ್ಣಿನ ಹಳ್ಳದ ಆಚೆಗೇ. ಅಲ್ಲಿ ದೊಡ್ಡಮುನಿಯಪ್ಪನದು ಟಮೋಟದ ತೋಟ. ಕಂಕುಳಲ್ಲಿ ಒಂದು ಕಂತೆ ಬೆಂದುಹೋದ ಗಿಡ. ಅವನ ಹಿಂದೆ, ಅಂಚಿನ ಪೇಟ ಸುತ್ತಿ ಕೋಲು ಹಿಡಿದ ಇಬ್ಬರು ಅಪರಿಚಿತರು ಬಂದು ಬಾಗಿಲ ಎರಡು ಕಡೆ ನಿಂತರು.

"ಲೇ ಚನ್ನ, ಒಂದೇ ಹಾಲು ಕುಡಿದೋರಲ್ವೇನೋ ನಾವು?" ದೊಡ್ಡಮುನಿಯಪ್ಪ ಕಂತೆಯನ್ನು ನೆಲಕ್ಕೆ ಎಸೆದ. "ಕುರಿಯೋನು ಕಣ್ಣಾರೆ ಕಂಡಿದಾನೆ. ಬಾಯಿ ಕಟ್ಕೊಂಡು ಬುಟ್ಟಿ ತಂದು ನಮ್ಮ ಗಡೀಲಿ ಬಿಟ್ಟು ಹೋದೆಯಂತೆ. ಹೋಗಿ ಎಲೆ ತಿರುವಿ ನೋಡ್ತೀನಿ, ತೋಟ ಪೂರ್ತಿ ಹಿಡಿದೈತೆ! ಅಮ್ಮ ಮಧ್ಯಾಹ್ನದಿಂದ ಮುದ್ದೆ ಮುಟ್ಟಿಲ್ಲ. ಬಿಡೋಕೆ ನಿನಗೆ ಹುಟ್ಟಿದೂರೇ ಬೇಕಾಗಿತ್ತೇನೋ?"

ಚನ್ನರಾಯಪ್ಪನಿಗೆ ಇನ್ನು ತಡೆಯಲಾಗಲಿಲ್ಲ. ಮಾವನ ಮುಖ ನೋಡಲಿಲ್ಲ, ಹೆಂಡತಿಯ ಮುಖವನ್ನೂ ನೋಡಲಿಲ್ಲ. ಅಣ್ಣನ ಕೈ ಹಿಡಿದುಕೊಂಡ. ಹಿಡಿದ ಕೈ ನೀಲಿಯಾಗಿತ್ತು.

"ಅಣ್ಣಾ, ಅಮ್ಮನಾಣೆ, ನಾನು ಏನೂ ಕಳಿಸಿಲ್ಲ. ಹೊರಡಿಸಿಲ್ಲ. ಅದು ನಿಮ್ಮ ತೋಟದಲ್ಲಿ ಮೊದಲೇ ಇತ್ತು, ಇವರ ತೋಟದಲ್ಲೂ ಇತ್ತು. ಈ ಸೋನೆ ಬಿದ್ದ ಕಡೆ ಎಲ್ಲ ಇದೆ. ನಾನು ಬರೀ ಎಲೆ ತಿರುವಿ ನೋಡಿದೆ. ಅಷ್ಟೇ ನಾನು ಮಾಡಿದ್ದು!"

ಹೇಳಿ ಮುಗಿಸಿ, ಈಗ ಎಲ್ಲ ಹೋಯಿತು, ಇನ್ನು ಸಾಯುವ ತನಕ ನಾನು ಶಾಮಲನ ಗಂಡನೇ ಅಂದುಕೊಂಡು ತಲೆ ತಗ್ಗಿಸಿದ.

"ನೋಡಿದ್ರಾ?" ಎಂದ ಸುಬ್ಬರಾಯಪ್ಪ ಊರವರಿಗೆ. ಕಣ್ಣಲ್ಲಿ ನೀರಿತ್ತು. "ಬಲ್ಲೋರು ಹಿಂಗೇ. ಮಾಡಿದ್ದನ್ನ ಹೇಳ್ಕೊಳ್ಳೋಲ್ಲ."

ಆವಲಪ್ಪನ ಮುಖ ಅರಳಿತು. "ಕೊತ್ತೂರಿಗೆ ಮುಟ್ಟೈತೆ ಅಂದ್ರೆ ಹೊರಟಿದ್ದು ನಿಜಾನೇ ಕಣ್ರಪ್ಪೋ! ಔಷಧಿ ಅಂದ್ರೆ ಇದು. ನಾಳೆ ಮೊದಲು ನಮ್ಮನೇದು, ಅಳಿಯಂದ್ರೇ!"

"ನಿಮ್ಮ ಮನೆ ಹಾಳಾಗ!" ಎಂದು ದೊಡ್ಡಮುನಿಯಪ್ಪ ಚೀರಿದ. "ಊರು ಪೂರ್ತಿದು ನಮ್ಮ ಮೇಲೆ ಬಿಡ್ತೀರಾ? ಹಂಗೆ ಬಿಡೋದಾದ್ರೆ ಇವ್ನು ನಮ್ಮೂರಿಗೂ ಬರ್ಲಿ. ನಮ್ಮಿಂದ ಎತ್ಕೊಂಡು ಮುಂದಕ್ಕೆ ಸಾಗಿಸ್ಲಿ."

"ನ್ಯಾಯದ ಮಾತು," ಎಂದ ಸುಬ್ಬರಾಯಪ್ಪ. "ನಮ್ಮೂರು ಮುಗಿದ ಮೇಲೆ ನಿಮ್ಮೂರು."

ಆಗ ಬಾಗಿಲಲ್ಲಿ ನಿಂತ ಇಬ್ಬರಲ್ಲಿ ದೊಡ್ಡವನು, ಅಲ್ಲಿಯತನಕ ಬಾಯಿ ಬಿಡದವನು, ಕೋಲನ್ನು ನೆಲಕ್ಕೆ ಒಂದು ಸಲ ಕುಟ್ಟಿದ.

"ಮಾ ವೈಪು ತೋಲೊದ್ದು ಸಾಮೀ," ಎಂದ, ಬಹಳ ಮರ್ಯಾದೆಯಿಂದ.

"ಇವರು ಆಂಧ್ರದ ಕಡೆಯೋರು, ಕೊತ್ತೂರು ದಾಟಿದ್ರೆ ಇವರದೇ ಗಡಿ," ಎಂದ ದೊಡ್ಡಮುನಿಯಪ್ಪ. "ನಮ್ಮ ಕಡೆ ಓಡಿಸಬೇಡಿ ಅಂತಾ ಇದಾರೆ. ಇವತ್ತಿಂದ ಗಡಿಯುದ್ದಕ್ಕೂ ಜನ ಕಾವಲು ಹಾಕವ್ರಂತೆ. ಬುಟ್ಟಿ ಹೊತ್ಕೊಂಡು ಯಾರು ಬಂದ್ರೂ ಕಾಲು ಮುರೀತಾರಂತೆ."

ಊರವರೆಲ್ಲ ಚನ್ನರಾಯಪ್ಪನನ್ನು ನೋಡಿದರು. ಚನ್ನರಾಯಪ್ಪ ಮಾವನನ್ನು ನೋಡಿದ. ಸುಬ್ಬರಾಯಪ್ಪ ಎದ್ದು ಬಂದು, ಜನ್ಮದಲ್ಲಿ ಮೊದಲ ಸಲ ಅಳಿಯನ ಹೆಗಲ ಮೇಲೆ ಕೈಯಿಟ್ಟ. ಆ ಕೈ ಭಾರವಾಗಿಯೂ ಬೆಚ್ಚಗೂ ಇತ್ತು.

"ಜನ ಯಾಕೆ ಬೇಕು, ಜಗಳ ಯಾಕೆ ಬೇಕು?" ಎಂದ ಎಲ್ಲರಿಗೂ ಕೇಳುವಂತೆ. "ನೀವ್ಯಾರೂ ಹೋಗ್ಬೇಡಿ. ನಮ್ಮ ಅಳಿಯಂದ್ರು ಒಬ್ಬರೇ ಹೋಗ್ತಾರೆ."